ನನ್ನ ಮೈದುನನ ರಾಜ್ಯದ ಪಂಚಾಂಗ

ನನ್ನ ಗಂಡನ ತಮ್ಮ ಜೀವಮಾನದಲ್ಲಿ ಎಲ್ಲಿಗೂ ತಡವಾಗಿ ಹೋದವನಲ್ಲ ಎಂದರೆ ನೀವು ನಂಬಲೇಬೇಕು. ಅವನು ತಲುಪಿದ ಹೊತ್ತೇ ಸರಿಯಾದ ಹೊತ್ತು ಎಂದು ಸಾಧಿಸುವ ಪಂಚಾಂಗವೊಂದು ಅವನ ಬಳಿ ಇದೆ! ಅದು ನಮ್ಮ ಲೋಕದ್ದಲ್ಲ. ಅವನೇ ಕಟ್ಟಿಕೊಂಡ ಒಂದು ರಾಜ್ಯದ್ದು.

ಕಡಕೊಳದ ಒಂದು ಕಾರ್ಖಾನೆಯ ಟೈಮ್ ಆಫೀಸಿನಲ್ಲಿ ಅವನು ವರ್ಷಗಟ್ಟಲೆ ಕೂತಿದ್ದ. ಯಾರು ತಡವಾಗಿ ಬಂದರು, ಯಾರು ಸೈರನ್ನಿಗೆ ಮೊದಲೇ ಜಾರಿಕೊಂಡರು ಎಂದು ಬರೆದಿಡುವ ಕೆಲಸ. ಸ್ವಯಂ ನಿವೃತ್ತಿ ತೆಗೆದುಕೊಂಡು ಮನೆಗೆ ಬಂದ ದಿನ ಕೈಗಡಿಯಾರ ಬಿಚ್ಚಿ ನನ್ನ ಒಗ್ಗರಣೆ ಡಬ್ಬಿಯ ಪಕ್ಕ ಇಟ್ಟ. "ಅತ್ತಿಗೆ, ಇದನ್ನ ನೀವೇ ಇಟ್ಕೊಳಿ. ನಂಗೆ ಸಾಕಾಗೋಯ್ತು" ಎಂದ. ಮಾರನೆಯ ದಿನವೇ ರಾಮಕೃಷ್ಣನಗರದ ನಮ್ಮ ಮನೆಯ ಮಹಡಿ ಕೋಣೆಯಲ್ಲಿ ರಾಜ್ಯ ಸ್ಥಾಪನೆಯಾಯಿತು. ಅಲ್ಲಿ ಇಬ್ಬರು ಚಂದ್ರರಿದ್ದಾರೆ, ಒಬ್ಬ ಸೋಮಾರಿ. ನದಿ ಬೆಟ್ಟ ಹತ್ತುತ್ತದೆ. ಬೇಸಿಗೆಯಲ್ಲಿ ಮಾತ್ರ ಅರ್ಧಕ್ಕೇ ಕೂತು ಸುಧಾರಿಸಿಕೊಳ್ಳುತ್ತದೆ. ರಾಜ್ಯಕ್ಕೆ ಹೆಸರಿಲ್ಲ. ಕೇಳಿದರೆ, "ನಾಮಕರಣಕ್ಕೆ ಮುಹೂರ್ತ ನೋಡ್ಬೇಕಲ್ಲ ಅತ್ತಿಗೆ, ಮೊದ್ಲು ಪಂಚಾಂಗ ಮುಗೀಲಿ" ಎನ್ನುತ್ತಾನೆ.

ಪಂಚಾಂಗವೋ, ಕೋಣೆಯ ಗೋಡೆ ತುಂಬ ಇದೆ. ವಾರಕ್ಕೆ ಎಂಟು ದಿನ. ಎಂಟನೆಯದು ಬಾಕಿವಾರ, ಉಳಿದ ದಿನಗಳಲ್ಲಿ ಮಾಡದೆ ಬಿಟ್ಟ ಕೆಲಸಗಳನ್ನೆಲ್ಲ ಅಂದು ಮಾಡಬೇಕು. ಅವನು ಏಳು ದಿನವೂ ಏನೂ ಮಾಡದೆ ಬಾಕಿವಾರವನ್ನು ಶ್ರದ್ಧೆಯಿಂದ ಕಾಯುತ್ತಾನೆ. ಅಲ್ಲಿ ಗಂಟೆಗಳಿಲ್ಲ, ವಾಸನೆಗಳಿವೆ: ಕಾಫಿ ಜಾವ, ಒಗ್ಗರಣೆ ಜಾವ, ಊದುಬತ್ತಿ ಜಾವ. ಅಡುಗೆಮನೆ ನನ್ನದಾದ್ದರಿಂದ ಆ ರಾಜ್ಯದ ಸೂರ್ಯ ನಾನೇ ಅಂತೆ. ಒಂದು ದಿನ ಗ್ಯಾಸ್ ಖಾಲಿಯಾಯಿತು. ಒಗ್ಗರಣೆಯಿಲ್ಲದ ಮೊಸರನ್ನ ಕಲಸಿ ಕರೆದರೆ ಮಹಾಶಯ ಕೆಳಗೆ ಬರಲೇ ಇಲ್ಲ. "ಇನ್ನೂ ಮಧ್ಯಾಹ್ನ ಆಗಿಲ್ವಲ್ಲ ಅತ್ತಿಗೆ?" ಸಿಲಿಂಡರಿನವನು ಬರುವ ತನಕ ಅಲ್ಲಿ ಮಧ್ಯಾಹ್ನ ಆಗಲಿಲ್ಲ. ಪ್ರಜೆಯ ಹೊಟ್ಟೆ ತಾಳ ಹಾಕುವುದು ಮಾತ್ರ ಕೆಳಗಿನವರೆಗೂ ಕೇಳುತ್ತಿತ್ತು.

ದಟ್ಟಗಳ್ಳಿಯ ನೆಂಟರ ಗೃಹಪ್ರವೇಶಕ್ಕಂತೂ ಎರಡು ದಿನ ಬಿಟ್ಟು ಹೋದ. ಪಾಪ, ಅವರು ಶಾಮಿಯಾನ ಬಿಚ್ಚಿಸುತ್ತಿದ್ದರಂತೆ.

"ಏನಂದ್ರು ಕಣೋ ಅವರು?" ಎಂದೆ.

"ಏನಂತಾರೆ? ಅವರ ಮನೇಲಿ ಒಗ್ಗರಣೆ ಜಾವ ಆಗ್ತಿತ್ತು, ಕೂರಿಸಿ ಎಲೆ ಹಾಕಿದ್ರು. ಆವತ್ತಿನ ನೂಕುನುಗ್ಗಲಲ್ಲಿ ನಿಮಗೆ ಎರಡನೇ ಸಲ ಹೋಳಿಗೆ ಸಿಕ್ತಾ?"

ಸಿಕ್ಕಿರಲಿಲ್ಲ ಎಂಬುದು ನಿಜ.

ಇದೆಲ್ಲ ನಕ್ಕು ಸುಮ್ಮನಾಗುವ ಸಂಗತಿ. ನಗು ನಿಂತದ್ದು ನಮ್ಮತ್ತೆಯ ವಿಷಯದಲ್ಲಿ. ಅಗ್ರಹಾರದಲ್ಲಿದ್ದ ಕಾಲಕ್ಕೆ ಇಡೀ ಬೀದಿಗೆ ಅವರೇ ಪಂಚಾಂಗ. ಪ್ರದೋಷ ಯಾವತ್ತು, ಯಾರ ಮಗುವಿಗೆ ಯಾವತ್ತು ವರ್ಷ ತುಂಬುತ್ತದೆ, ಎಲ್ಲವನ್ನೂ ಹೆಂಗಸರು ಅವರನ್ನೇ ಕೇಳುತ್ತಿದ್ದರು. ಈಚೆಗೆ ಅವರಿಗೆ ವಾರಗಳೆಲ್ಲ ಕಲಸಿಹೋಗುತ್ತಿವೆ. ನಮ್ಮ ಮನೆಯವರು ತಾಯಿಯನ್ನು ತಿದ್ದಿ ತಿದ್ದಿಯೇ ಗುಣಪಡಿಸಲು ಹೊರಟರು. "ಸೋಮವಾರ ಅಲ್ಲ ಕಣಮ್ಮ, ಗುರುವಾರ. ಈಗ್ತಾನೆ ಹೇಳಿದ್ನಲ್ಲ?" ಅತ್ತೆ ಬಾಯಿ ತೆರೆಯುವ ಮೊದಲು ಪೇಪರು ನೋಡಿಕೊಳ್ಳತೊಡಗಿದರು. ಒಂದು ದಿನ ಹಾಗೆ ನೋಡಿ ಧೈರ್ಯವಾಗಿ ಹೇಳಿದ್ದೂ ತಪ್ಪಾಯಿತು. ಅದು ನಾನು ಡಬ್ಬಿಗಳ ಕೆಳಗೆ ಹಾಸಲು ತೆಗೆದಿಟ್ಟಿದ್ದ ಹಳೇ ಪೇಪರು. ಆಮೇಲೆ ಮಾತೇ ಕಡಿಮೆಯಾಯಿತು. ಸಾರಿಗೆ ಉಪ್ಪು ಸಾಕೇ ಎಂದು ಕೇಳಿದರೂ, "ನಂಗೇನು ಗೊತ್ತಾಗತ್ತೆ ಕಣಮ್ಮ, ತಪ್ಪು ಹೇಳ್ಬುಡ್ತೀನಿ" ಎನ್ನುತ್ತಿದ್ದರು. ಅಂದು ನನಗೆ ಊಟ ಸೇರಲಿಲ್ಲ. ಇವರು ಹೀಗೇ ಪೂರ್ತಿ ಸುಮ್ಮನಾಗಿಬಿಟ್ಟರೆ?

ಮರುದಿನ ಬೆಳಿಗ್ಗೆ ಮೈದುನ ಮಹಡಿಯಿಂದ ಇಳಿದು ಬಂದು ಅತ್ತೆಯ ಮುಂದೆ ಕೂತ.

"ಅಮ್ಮ, ನನ್ನ ರಾಜ್ಯದಲ್ಲಿ ಹೊಸ ಕಾನೂನು ಬಂದಿದೆ. ಮನೆ ಹಿರಿಯರು ಕಾಫಿ ಕುಡಿದು ಯಾವ ವಾರ ಅಂತ ಹೇಳೋ ತನಕ ಅಲ್ಲಿ ಬೆಳಕೇ ಹರಿಯಲ್ಲ."

"ನಿಂಗೇನೋ ಬಂದಿರೋದು?"

"ಬೇಗ ಹೇಳಮ್ಮ, ಜನ ಕತ್ತಲಲ್ಲಿ ಕೂತವ್ರೆ."

ಅತ್ತೆ ಲೋಟ ಕೆಳಗಿಟ್ಟು, ದೊಡ್ಡ ಮಗ ಸ್ನಾನಕ್ಕೆ ಹೋಗಿರುವುದನ್ನು ಖಚಿತಪಡಿಸಿಕೊಂಡು, "ಸೋಮವಾರ" ಎಂದರು. ಅವನು ಓಡಿಹೋಗಿ ಗೋಡೆಯ ಮೇಲೆ ಬರೆದ. ಮಾರನೆಯ ದಿನವೂ ಸೋಮವಾರ. ಅದರ ಮಾರನೆಯ ದಿನವೂ. "ಶಿವನ ದಿನ ಒಂದೇ ಯಾಕಿರ್ಬೇಕು?" ಎಂದು ಅತ್ತೆ ನನ್ನನ್ನೇ ಕೇಳಿದರು. ವಾದ ಮಾಡುವಷ್ಟು ಬಾಯಿ ಬಂತಲ್ಲ ಎಂದು ಹಿಗ್ಗಿದೆ. ಆ ಮಧ್ಯಾಹ್ನ ಸಾರಿಗೆ ಉಪ್ಪು ಜಾಸ್ತಿ ಎಂದೂ ಅವರಿಂದ ಅನ್ನಿಸಿಕೊಂಡೆ.

ನಮ್ಮ ಮನೆಯವರು ಹಿಗ್ಗಲಿಲ್ಲ. "ಅಮ್ಮನ ತಲೆ ಇನ್ನೂ ಕೆಡಿಸ್ತಿದ್ದೀಯ ಕಣೋ" ಎಂದು ತಮ್ಮನ ಮೇಲೆ ರೇಗಿ, ಡಾಕ್ಟರಿಗೆ ತೋರಿಸಲು ದಿನ ಗೊತ್ತು ಮಾಡಿದರು. ರಕ್ತ ಪರೀಕ್ಷೆ ಇದ್ದುದರಿಂದ ಅತ್ತೆಯನ್ನು ಬರೀ ಹೊಟ್ಟೆಯಲ್ಲಿ ಕರೆದೊಯ್ದೆವು. ಮೈದುನನೂ ಜೊತೆಗೆ ಬಂದ. ಡಾಕ್ಟರು ಚಿಕ್ಕ ವಯಸ್ಸಿನ ಹೆಣ್ಣುಮಗಳು. ಹೆಸರು ಕೇಳಿದರು, ಊರು ಕೇಳಿದರು. ಆಮೇಲೆ, "ಅಜ್ಜಿ, ಇವತ್ತು ಯಾವ ವಾರ?" ಎಂದರು.

ನಾವು ಮೂವರೂ ಅತ್ತೆಯ ಕಡೆ ತಿರುಗಿದೆವು. ಅತ್ತೆ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡರು. ನೋಟ ದೊಡ್ಡ ಮಗನ ಮುಖಕ್ಕೆ ಹೋಯಿತು. ಅದೇ ಹಳೆಯ ಅಂಜಿಕೆ. ಆಮೇಲೆ ಚಿಕ್ಕವನ ಕಡೆ ತಿರುಗಿತು. ಬೆನ್ನು ನೇರವಾಯಿತು.

"ಇನ್ನೂ ಹೇಳಿಲ್ಲ ಕಣಮ್ಮ" ಎಂದರು. "ಕಾಫಿ ಆಗಿಲ್ಲ."

ಡಾಕ್ಟರು ಪೆನ್ನು ಎತ್ತಿಕೊಂಡೇ ನಮ್ಮತ್ತ ನೋಡಿದರು. ಮೈದುನ ಎದ್ದು ನಿಂತು, ಇಬ್ಬರು ಚಂದ್ರರಿಂದ ಶುರುಮಾಡಿ ಎಲ್ಲವನ್ನೂ ವಿವರಿಸಿದ. ಹೊರಗೆ ಕಾಯುತ್ತಿದ್ದ ರೋಗಿಗಳು ಅವನನ್ನು ಎಷ್ಟು ಬೈದುಕೊಂಡರೋ! ಡಾಕ್ಟರು ಪೂರ್ತಿ ಕೇಳಿ, ಮಾತ್ರೆ ಬರೆದುಕೊಟ್ಟು, "ಮರೆವು ಇದೆ. ಪೂರ್ತಿ ವಾಸಿ ಆಗತ್ತೆ ಅಂತ ಹೇಳಲ್ಲ. ಆದ್ರೆ ಹೀಗೇ ಮಾತಾಡಿಸ್ತಾ ಇರಿ. ಎಲ್ಲದಕ್ಕೂ ತಿದ್ದಬೇಡಿ" ಎಂದರು. ನಮ್ಮ ಮನೆಯವರು ನೆಲ ನೋಡುತ್ತಿದ್ದರು.

ರಕ್ತ ಕೊಟ್ಟು ಬಂದು ಎದುರಿನ ಹೋಟೆಲಿನಲ್ಲಿ ಕೂತೆವು. ಕಾಫಿ ಬಂತು. ಅತ್ತೆ ಕೊನೆಯ ಗುಟುಕಿನ ತನಕ ನಿಧಾನವಾಗಿ ಕುಡಿದು ಲೋಟ ಕೆಳಗಿಟ್ಟರು. ಈ ಸಲ ಕೇಳಿದ್ದು ಮೈದುನನಲ್ಲ. ನಮ್ಮ ಮನೆಯವರು ತಾಯಿಯ ಕಡೆ ಬಗ್ಗಿ, "ಯಾವ ವಾರಮ್ಮ ಇವತ್ತು?" ಎಂದರು.

"ಭಾನುವಾರ. ಆಫೀಸಿಗೆ ಹೋಗ್ಬೇಡ, ಮನೇಲಿರು."

ಹೊರಗೆ ಬುಧವಾರದ ಸ್ಕೂಲ್ ವ್ಯಾನುಗಳು ಹಾರ್ನ್ ಹೊಡೆಯುತ್ತಿದ್ದವು. ನಮ್ಮ ಮನೆಯವರು ಮೊಬೈಲ್ ತೆಗೆದು ಆಫೀಸಿಗೆ ಫೋನ್ ಮಾಡಿದರು.

"ನಾನಿವತ್ತು ಬರಲ್ಲ. ಇಲ್ಲ, ಹುಷಾರಾಗೇ ಇದ್ದೀನಿ. ನಮ್ಮನೇಲಿ ಇವತ್ತು ಭಾನುವಾರ."