ಅನಾಥ ಕವಿಯ ಅಪ್ಪ

ವಿಘ್ನೇಶ್ವರ ಭಟ್ಟನಿಗೆ ಕಷ್ಟ ಇರಲಿಲ್ಲ.

ವಯಸ್ಸು ಇಪ್ಪತ್ತೆಂಟು. ಕವಿ, ನಾಟಕಕಾರ. ಮುನ್ನೂರು ಕವಿತೆ, ಏಳು ನಾಟಕ ಬರೆದಿದ್ದ. ಒಂದೂ ಅಚ್ಚಾಗಿರಲಿಲ್ಲ, ಒಂದೂ ರಂಗ ಏರಿರಲಿಲ್ಲ. ಹಳದೀಪುರದಲ್ಲಿ ಅವನ ಅಪ್ಪ ಮಹಾಗಣಪತಿ ಭಟ್ಟರು ಮೂವತ್ತು ವರ್ಷ ಪೌರೋಹಿತ್ಯ ಮಾಡಿ ಕೊಂಡ ತೋಟವಿತ್ತು; ಎಪ್ಪತ್ತೆರಡು ತೆಂಗಿನ ಮರ. ಆ ಮರಗಳ ನೆರಳಿನಲ್ಲಿ ಮಲಗಿ ಕವಿ ಹಸಿದವರ ಬಗ್ಗೆ ಬರೆಯುತ್ತಿದ್ದ.

ಸಾವಿರದ ಒಂಬೈನೂರ ಅರವತ್ತಮೂರರ ಕೊನೆಗೆ ಕುಮಟೆಯ ಗೆಳೆಯರ ಕೂಟದಿಂದ ಕಾಗದ ಬಂತು. ಕವಿಗೆ ಶಾಲು ಹೊದಿಸಿ ಸನ್ಮಾನ ಮಾಡುತ್ತೇವೆ, ಒಂದು ನಾಟಕವನ್ನು ಅಚ್ಚು ಹಾಕಿಸುತ್ತೇವೆ, ಜೀವನಚರಿತ್ರೆಯನ್ನು ಒಂದು ಪುಟದಲ್ಲಿ ಬರೆದು ಕಳಿಸಿ.

ವಿಘ್ನೇಶ್ವರ ಬರೆಯಲು ಕುಳಿತ. ಹುಟ್ಟಿದ್ದು, ಉಂಡಿದ್ದು, ಇಂಟರ್ ಪರೀಕ್ಷೆಯಲ್ಲಿ ಎರಡು ಸಲ ನಪಾಸಾಗಿದ್ದು. ಮೂರು ಸಾಲಿಗೆ ಜೀವನ ಮುಗಿಯಿತು. ಅವನು ಓದಿದ ದೊಡ್ಡ ಕವಿಗಳೆಲ್ಲ ಎಳವೆಯಲ್ಲೇ ಯಾರನ್ನಾದರೂ ಕಳೆದುಕೊಂಡಿದ್ದರು. ಆದ್ದರಿಂದ ಅವನು ಐದನೆಯ ವಯಸ್ಸಿನಲ್ಲಿ ಅಪ್ಪನನ್ನು ಸಾಯಿಸಿದ. ಹೆತ್ತ ಆಯಿಯನ್ನು ಉಳಿಸಿದ, ಬಡಿಸುವವಳು ಅವಳು. ಬೀದಿದೀಪದ ಕೆಳಗೆ ಓದಿದ್ದನ್ನೂ ಸೇರಿಸಿದ. ಹಳದೀಪುರದಲ್ಲಿ ಬೀದಿದೀಪವೇ ಇರಲಿಲ್ಲ.

ಕೂಟದವರು ಅದನ್ನು ಒಂದು ವಾರಪತ್ರಿಕೆಗೆ ಕಳಿಸಿಬಿಟ್ಟರು. ಸಮಾರಂಭಕ್ಕೆ ಎರಡು ದಿನ ಮೊದಲು ಅದು ಅಚ್ಚಾಯಿತು. ಹೆದರಿದ ಕವಿ ಹೊನ್ನಾವರಕ್ಕೆ ಓಡಿ, ಅಂಗಡಿಯಲ್ಲಿದ್ದ ಆರೂ ಪ್ರತಿ ಕೊಂಡು ಅಟ್ಟದ ಮೇಲೆ ಬಚ್ಚಿಟ್ಟ. ಭಟ್ಕಳ ಎಂಬ ಊರೊಂದಿದೆ ಎಂಬುದು ನೆನಪಾಗಲಿಲ್ಲ.

ಭಾನುವಾರ ಬೆಳಿಗ್ಗೆ ಮನೆಯ ಮುಂದೆ ಬೊಬ್ಬೆ ಕೇಳಿಸಿತು. ಭಟ್ಕಳದ ಮೂಕಾಂಬಿಕಾ ಅತ್ತೆ, ಭಟ್ಟರ ತಂಗಿ, ಎದೆ ಬಡಿದುಕೊಳ್ಳುತ್ತ ಒಳಗೆ ಬಂದಳು. ಒಳಗೆ ಅಣ್ಣ ಐದನೆಯ ತೆಳ್ಳೇವು ದೋಸೆಗೆ ಜೋನಿಬೆಲ್ಲ ಹಚ್ಚುತ್ತಿದ್ದರು. ಅತ್ತೆಯ ಅಳು ಬ್ರೇಕ್ ಹಾಕಿದ ಲಾರಿಯಂತೆ ಕಿರುಗುಟ್ಟಿ ನಿಂತಿತು.

"ಅಣ್ಣಾ! ನೀ ಸತ್ತೆ ಹೇಳಿ ಪೇಪರಿನಲ್ಲಿ ಬಂಜು! ಪಕ್ಕದ ಮನೆ ಮಾಸ್ತರ ಓದಿ ಹೇಳ್ದ, ಪೂರ್ತಿ ಕೇಳಲೆ ನಿಂತಿದ್ದೇ ಇಲ್ಲೆ. ಉಟ್ಟ ಸೀರೇಲೇ ಮಿಂದು, ಅಳ್ತಾ ಲಾಂಚಿನಲ್ಲಿ ಹೊಳೆ ದಾಟಿ ಬಂದಿ!"

"ಸತ್ತವ ತೆಳ್ಳೇವು ತಿಂತನೇನೇ?" ಎಂದರು ಭಟ್ಟರು.

ವಿಘ್ನೇಶ್ವರ ನಡುವೆ ಬಾಯಿ ಹಾಕಿದ. "ಅಚ್ಚಿನ ತಪ್ಪು ಅಪ್ಪಯ್ಯ. ಬೇರೆ ಯಾರೋ ಮಹಾಗಣಪತಿ."

ಭಟ್ಟರಿಗೆ ಬೇಸರವಾಗಲಿಲ್ಲ. "ಸುಳ್ಳೇ ಸತ್ತ ಸುದ್ದಿ ಬಂದವಂಗೆ ಆಯುಷ್ಯ ಹೆಚ್ಚು. ಇನ್ನೊಂದು ಹಾಕೇ," ಎಂದು ಹೆಂಡತಿಯತ್ತ ತಟ್ಟೆ ಚಾಚಿದರು.

ಅಷ್ಟಕ್ಕೇ ಮುಗಿಯಬೇಕಿತ್ತು. ಆದರೆ ಅತ್ತೆ, "ಹಂಗಾದರೆ ಇವತ್ತು ಕುಮಟೆಯಲ್ಲಿ ತಮಂಗೆ ಸನ್ಮಾನ ಹೇಳಿ ಬಂದದ್ದೂ ಸುಳ್ಳನಾ?" ಎಂದು ವಿಘ್ನೇಶ್ವರನತ್ತ ಕೈ ತೋರಿಸಿದಳು.

ಭಟ್ಟರು ಕೈ ತೊಳೆದರು. "ಸನ್ಮಾನವಾ? ಎನಗೆ ಹೇಳಿದ್ದೇ ಇಲ್ಲೆ! ನಡಿ, ನಾವೂ ಬತ್ಯ."

ಬಸ್ಸಿನಲ್ಲಿ ರಶ್ಶು ಎಂದ. ನಿಂತೇ ಬತ್ತೆ ಎಂದರು. ಭಾಷಣ ಉದ್ದ ಎಂದ. ಸತ್ಯನಾರಾಯಣ ಕತೆಗಿಂತ ಉದ್ದವಾ ಎಂದು ಕೇಳಿದರು. ಬಸ್ಸು ಧಾರೇಶ್ವರ ಮುಟ್ಟಿದಾಗ ಕವಿಗೆ ಜೀವಮಾನದ ಏಕೈಕ ಸ್ಫೂರ್ತಿ ಬಂತು. "ಅಪ್ಪಯ್ಯ, ಸಾವಿನ ಸುದ್ದಿ ಬಂದ ದಿನ ಈಶ್ವರನ ದರ್ಶನ ಮಾಡದೆ ಮುಂದೆ ಹೋಗ್ಲಾಗ." ಪುರೋಹಿತರಿಗೆ ಶಾಸ್ತ್ರ ಸರಿಕಂಡಿತು. ತಂಗಿಯನ್ನೂ ಕರೆದುಕೊಂಡು ಇಳಿದರು. ಕವಿ ಕಿಟಕಿಗೆ ಒರಗಿ ಉಸಿರು ಬಿಟ್ಟ.

ಅಷ್ಟರಲ್ಲಿ ಡ್ರೈವರು ರೇಡಿಯೇಟರಿಗೆ ನೀರು ಬೇಕೆಂದು ಕೊಡ ಹಿಡಿದು ಬಾವಿಗೆ ಹೋದ. ಹಗ್ಗ ಹರಿದು ಕೊಡ ಬಾವಿಗೆ ಬಿತ್ತು. ಅದನ್ನು ಮೇಲೆ ತರುವಷ್ಟರಲ್ಲಿ ಅಣ್ಣ ತಂಗಿ ಹಣೆಗೆ ಗಂಧ ಹಚ್ಚಿಕೊಂಡು ಬಂದು ಅದೇ ಸೀಟಿನಲ್ಲಿ ಕುಳಿತರು. "ದೇವರ ದಯೆ, ಬಸ್ಸು ಕಾದಿತ್ತು," ಎಂದು ಭಟ್ಟರು ಮಗನ ಕೈಗೆ ಪ್ರಸಾದ ಹಾಕಿದರು.

ಕುಮಟೆಯ ಶಾಲೆಯ ಹಾಲಿನಲ್ಲಿ ಅರವತ್ತು ಜನ ಸೇರಿದ್ದರು. ಅಪ್ಪ ಮೊದಲ ಸಾಲಿನಲ್ಲೇ ಕುಳಿತರು. ಅಧ್ಯಕ್ಷ, ವಕೀಲ ಪಾಂಡುರಂಗ ಶಾನಭಾಗರು, ಕವಿಯ ಬಾಳಿನ ಕತೆ ಹೇಳತೊಡಗಿದರು. ಕೋರ್ಟಿನಲ್ಲಿ ಯಾರೂ ಕೇಳದ ಗಂಟಲು ಇಲ್ಲಿ ತುಂಬಿ ಬಂತು. "ಐದು ವರ್ಷದ ಕೂಸು! ಅಪ್ಪನ ಚಿತೆಗೆ ಬೆಂಕಿ ಇಟ್ಟ ಕೈ ಅದು! ಹಸಿದ ಹೊಟ್ಟೆ, ಬೀದಿಯ ದೀಪ!"

ಇದು ಮಗ ಬರೆದ ನಾಟಕದ ಕತೆಯೆಂದು ಭಟ್ಟರು ತಿಳಿದರು. ಶಲ್ಯದ ತುದಿಯಿಂದ ಕಣ್ಣೊರೆಸಿಕೊಂಡು ತಂಗಿಗೆ ಹೇಳಿದರು, "ತಮ ಚೊಲೋ ಬರದ್ದ."

ಅಳುವ ಮುದುಕರನ್ನು ಕಂಡ ಶಾನಭಾಗರು ಕವಿಯತ್ತ ಬಾಗಿದರು. "ಯಾರ್ರೀ ಅವರು? ನಿಮ್ಮ ಕಡೆಯವರಾ?"

ಒಂದು ಮಾತಿನಲ್ಲಿ ಎಲ್ಲ ಸರಿಯಾಗಬಹುದಿತ್ತು. ಆದರೆ ಶಾಲು ಎದುರಿಗೆ ತಟ್ಟೆಯಲ್ಲಿತ್ತು. "ಅಪ್ಪ ತೀರಿಕೊಂಡ ಮೇಲೆ ನನಗೆ ಅನ್ನ ಹಾಕಿದ ಪುಣ್ಯಾತ್ಮರು. ಸಂಬಂಧ ಏನೂ ಇಲ್ಲ," ಎಂದ ವಿಘ್ನೇಶ್ವರ.

ಮೈಕು ಹತ್ತಿರವೇ ಇತ್ತು. ಹಾಲಿಗೆಲ್ಲ ಕೇಳಿಸಿತು.

ಭಟ್ಟರ ಕಣ್ಣು ಒಣಗಿತು. ಶಾನಭಾಗರದು ತುಂಬಿತು. "ಸಂಬಂಧವೇ ಇಲ್ಲದ ಅನಾಥನನ್ನು ಸಾಕಿದ ಮಹಾನುಭಾವರು! ಈ ಶಾಲು ಅವರಿಗೇ ಸಲ್ಲಬೇಕು!"

ಚಪ್ಪಾಳೆಯ ನಡುವೆ ಭಟ್ಟರು ನಿಧಾನವಾಗಿ ವೇದಿಕೆ ಏರಿದರು. ಶಾಲು ಹೊದ್ದುಕೊಂಡರು. ಮಗನನ್ನು ಒಮ್ಮೆ, ಹಳಸಿದ ಸಾರು ನೋಡುವಂತೆ ನೋಡಿದರು. ಆಮೇಲೆ ಮಂತ್ರ ಹೇಳಿ ಪಳಗಿದ ಗಂಟಲಿನಲ್ಲಿ ಮಾತಾಡಿದರು.

"ಇಪ್ಪತ್ತೆಂಟು ವರ್ಷ ಕಂಡವರ ಮಗನ್ನ ಸಾಕಿದೆ. ಇವತ್ತು ನೀವೆಲ್ಲ ಸೇರಿ ಅವನನ್ನು ದೊಡ್ಡವ ಮಾಡಿದ್ರಿ. ಇನ್ನು ನಾನು ಅನ್ನ ಹಾಕಿದರೆ ಕವಿಗೆ ಅವಮಾನ. ನನಗೆ ಮಕ್ಕಳಿಲ್ಲೆ. ನನ್ನ ತೋಟ ತಂಗಿಯ ಮಗನಿಗೆ ಬರೆದು ಕೊಡ್ತೆ ಹೇಳಿ ಈ ಸಭೆಯ ಎದುರು ಹೇಳ್ತಾ ಇದ್ದೆ."

ಲೆಕ್ಕದಲ್ಲಿ ಐದು ವರ್ಷ ಹೆಚ್ಚಾದದ್ದನ್ನು ಸಭೆಯಲ್ಲಿ ಯಾರೂ ಗಮನಿಸಲಿಲ್ಲ. ಎಲ್ಲರಿಗಿಂತ ಜೋರಾಗಿ ಮೂಕಾಂಬಿಕಾ ಅತ್ತೆ ಚಪ್ಪಾಳೆ ತಟ್ಟಿದಳು. ಬೆಳಿಗ್ಗೆ ಎದೆ ಬಡಿದುಕೊಂಡದ್ದೂ ಅದೇ ಕೈ.

ವಿಘ್ನೇಶ್ವರ ಬಾಯಿ ತೆರೆದ. ಇವರೇ ನನ್ನ ಅಪ್ಪ ಎಂದರೆ ಅರವತ್ತು ಜನ ಚಪ್ಪಲಿ ಹುಡುಕುತ್ತಿದ್ದರು. ಬಾಯಿ ಮುಚ್ಚಿದ.

ಸಭೆ ಮುಗಿದ ಮೇಲೆ ಅವನು ಶಾನಭಾಗರ ಹತ್ತಿರ ನಾಟಕದ ಮಾತೆತ್ತಿದ. ಅವರು ಬೆನ್ನು ತಟ್ಟಿದರು. "ಅವಸರ ಬೇಡ ಮಾರಾಯ್ರೆ. ಆಸರೆ ಹೋಯಿತಲ್ಲ, ಇನ್ನು ಬರೆಯುವುದು ಮೊದಲಿನದಕ್ಕಿಂತ ಚಲೋ ಬರುತ್ತದೆ. ಅದನ್ನೇ ಅಚ್ಚು ಹಾಕಿಸುವಾ. ಈ ನಾಟಕ ಸದ್ಯ ಇರಲಿ."

ಸಂಜೆಯ ಬಸ್ಸಿಗೆ ಕವಿ ಅಪ್ಪನ ಹಿಂದೆಯೇ ಹತ್ತಿದ. ಹುಟ್ಟಿದಾಗಿನಿಂದ 'ತಮಾ' ಎಂದೇ ಕರೆದಿದ್ದ ಭಟ್ಟರು ಪಕ್ಕದ ಸೀಟಿನ ಮೇಲೆ ಶಾಲು ಮಡಿಸಿಟ್ಟು, ಬಹಳ ಮರ್ಯಾದೆಯಿಂದ ಕೇಳಿದರು:

"ತಾವು ಎಲ್ಲಿಗೆ ಹೋಗೋರು?"

ಅವನು ಇಳಿದ. ಬಸ್ ನಿಲ್ದಾಣದ ಎದುರಿಗೆ ಬೀದಿದೀಪ ಒಂದಿತ್ತು, ಉರಿಯುತ್ತಲೂ ಇತ್ತು. ಅವನಿಗೆ ಓದುವ ಮನಸ್ಸಾಗಲಿಲ್ಲ.

ಆ ಭಾನುವಾರ ವಿಘ್ನೇಶ್ವರ ಕಳೆದುಕೊಂಡದ್ದು ಒಂದು ಶಾಲು, ಒಂದು ನಾಟಕ, ಎಪ್ಪತ್ತೆರಡು ತೆಂಗಿನ ಮರ, ಒಬ್ಬ ಅಪ್ಪ.