ಮೂರನೇ ಲೈನಿನ ಡ್ರೈವ್ ಮಹಾಶಯರ ಸೆಕೆಯ ಕುರಿತು

ಪಾರ್ಕ್‌ಮೋರ್, ಗಾಲ್ವೇ
ಏಪ್ರಿಲ್ ೨೦೨೦

ಮೋಟಾರಿನ ವೇಗವನ್ನು ಅಂಕೆಯಲ್ಲಿಡುತ್ತ, ಸರ್ಕಾರ ಹೇಳುವುದಕ್ಕೆ ಮೊದಲೇ ಕಬ್ಬಿಣದ ಪ್ಯಾನೆಲ್ಲಿನೊಳಗೆ ಏಕಾಂತವಾಸ ಹಿಡಿದಿದ್ದ ಮಾನ್ಯ ಡ್ರೈವ್ ಅವರ ಸನ್ನಿಧಿಗೆ, ಮೇಂಟೆನೆನ್ಸ್ ವಿಭಾಗದ ವಿನೋದಿನಿ ಮಾಸ್ಕ್ ಧರಿಸಿಯೇ ಮಾಡುವ ನಮಸ್ಕಾರಗಳು.

ಕಳೆದ ಮಂಗಳವಾರ ಆಸ್ಪತ್ರೆಗಳ ಉಸಿರಾಟದ ಕೊಳವೆಗಳನ್ನು ಹೊತ್ತು ಸಂಜೆ ನಾಲ್ಕು ಗಂಟೆಗೆ ಲಾರಿ ಹೊರಡಬೇಕಿದ್ದಾಗ, ಬೆಳಿಗ್ಗೆ ಹತ್ತಕ್ಕೇ ತಾವು ಲೈನ್ ನಿಲ್ಲಿಸಿ, ಪರದೆಯ ಮೇಲೆ ‘ಎಫ್ ೯’ ಎಂದು ಬರೆದು ಮೌನ ತಾಳಿದಿರಿ. ಕೈಪಿಡಿಯ ಪ್ರಕಾರ ಅದರರ್ಥ, ತಮಗೆ ಸೆಕೆಯಾಗಿದೆ. ಉಡುಪಿಯ ಮೇ ತಿಂಗಳನ್ನು ಕಂಡವಳು ನಾನು. ಹೊರಗೆ ಎಂಟು ಡಿಗ್ರಿ, ಮಳೆ, ನನ್ನ ಮೈಮೇಲೆ ಎರಡು ಸ್ವೆಟರ್. ಗಾಲ್ವೇಯಲ್ಲಿ ಸೆಕೆಯೆಂದು ದೂರಿದ ಮೊದಲಿಗರು ತಾವೇ ಇರಬೇಕೆಂದು ಮೆಚ್ಚಿ, ತಮ್ಮ ಮಾತನ್ನು ಮಾತ್ರ ನಂಬದೆ, ರೀಸೆಟ್ ಒತ್ತಿದೆ. ಇಪ್ಪತ್ತು ನಿಮಿಷಕ್ಕೊಮ್ಮೆ ತಾವು ಅದನ್ನೇ ತಾಳ್ಮೆಯಿಂದ ಪುನರುಚ್ಚರಿಸಿದಿರಿ. ಫ್ಯಾನ್ ಬದಲಿಸಿದೆ, ಮೋಟಾರಿನ ಹೊರೆ ಅಳೆದೆ, ಕೊನೆಗೆ ತಮ್ಮ ಸೆನ್ಸರಿಗೇ ಬುದ್ಧಿಭ್ರಮೆಯೆಂದು ತೀರ್ಮಾನಿಸಿದೆ. ಯಂತ್ರ ನಡೆಸುವ ಬ್ರೀಡಾ, ಮಗಳು ಐಸಿಯುವಿನಲ್ಲಿ ನರ್ಸ್ ಆಗಿರುವ ತಾಯಿ, ಗಡಿಯಾರ ನೋಡುತ್ತ “ಗ್ರ್ಯಾಂಡ್, ಗ್ರ್ಯಾಂಡ್” ಎನ್ನುತ್ತಿದ್ದರು; ಇಲ್ಲಿಯವರ ಬಾಯಲ್ಲಿ ಅದರರ್ಥ, ಪರವಾಗಿಲ್ಲ, ಎಲ್ಲ ಸರಿಯಿದೆ. ಅವರ ದನಿ ಪ್ರತಿ ಸಲವೂ ತೆಳ್ಳಗಾಗುತ್ತಿತ್ತು.

ಹೊರಗಿನವರಿಗೆ ಕಾರ್ಖಾನೆಯೊಳಗೆ ಪ್ರವೇಶವಿಲ್ಲದ್ದರಿಂದ, ಸರ್ವಿಸ್ ಎಂಜಿನಿಯರ್ ಶ್ರೀಕಂಠ ಎರಡೂವರೆಗೆ ಸ್ವೋರ್ಡ್ಸ್ ಎಂಬ ದೂರದ ಊರಿನ ತಮ್ಮ ಅಡುಗೆಮನೆಯಿಂದ ವಿಡಿಯೊ ಕರೆಯಲ್ಲಿ ಬಂದರು.

“ಒಂದ್ನಿಮಿಷ ಮೇಡಂ, ಪ್ಯಾನೆಲ್ ಬಾಗಿಲು ಮುಚ್ಚಿ ತೋರ್ಸಿ. ಗಾಳಿ ಹೋಗೋ ಜಾಲರಿ ಎಲ್ಲೈತೆ?”

ಜಾಲರಿಯ ಜಾಗದಲ್ಲಿ ‘ದಯವಿಟ್ಟು ಎರಡು ಮೀಟರ್ ಅಂತರ ಕಾಪಾಡಿ’ ಎಂಬ ದೊಡ್ಡ ಪೋಸ್ಟರ್ ಇತ್ತು.

“ಯಾರ್ ಅಂಟಿಸಿದ್ದು ಇದನ್ನ?”

ಸೋಮವಾರ ಸಂಜೆ, ಒಂದು ಸುಕ್ಕೂ ಬಾರದಂತೆ, ನಾಲ್ಕು ಅಂಚಿಗೂ ಟೇಪ್ ಹಾಕಿ ಅಂಟಿಸಿದವಳು ನಾನೇ. ಹಾಗೆಂದು ಒಪ್ಪಿಕೊಂಡು ಕಿತ್ತೆ. ತಾವು ಉಸಿರಾಡಿದಿರಿ, ಲೈನ್ ಹೊರಟಿತು, ಕಾದು ನಿಂತಿದ್ದ ಲಾರಿ ಐದೂವರೆಗೆ ಗೇಟು ದಾಟಿತು. ಬ್ರೀಡಾ ಒಂದು ಕಪ್ ಚಹಾ ತಂದು ನನ್ನ ಮೇಜಿನ ತುದಿಯಲ್ಲಿಟ್ಟು ಹೋದರು.

ಆದರೂ ದೂರು ದೂರೇ. ಸತ್ಯವನ್ನು ಇಷ್ಟು ಚುಟುಕಾಗಿ ಹೇಳುವುದು ಸಭ್ಯತೆಯಲ್ಲ. ಮುಂದಿನ ಸಲ ತಾವು ಸಂಕೇತ ಬಿಟ್ಟು, ‘ವಿನೋದಿನಿ, ಮೊದಲು ನಿನ್ನ ಪೋಸ್ಟರ್ ತೆಗೆ’ ಎಂದು ಅಚ್ಚಗನ್ನಡದಲ್ಲಿ, ಮ್ಯಾನೇಜರ್ ಅತ್ತ ತಿರುಗಿದ್ದಾಗ ಮಾತ್ರ ತೋರಿಸಬೇಕೆಂದೂ, ಮಿಕ್ಕ ಸೆಕೆಯನ್ನು ನಮ್ಮ ಕ್ಯಾಂಟೀನಿಗೆ ದಯಪಾಲಿಸಬೇಕೆಂದೂ ಕೋರುತ್ತೇನೆ.

ನಾಲ್ಕೂವರೆ ಗಂಟೆ ತಮ್ಮನ್ನು ನಂಬದೆ ಕೆಟ್ಟು, ಈಗ ತಮ್ಮ ಪರಮ ವಿಶ್ವಾಸಿಯಾಗಿರುವ,
ವಿನೋದಿನಿ

ತಾ.ಕ.: ತಮ್ಮ ನೆನಪಿನಲ್ಲಿ ಯಾವ ದೋಷ, ಎಷ್ಟು ಹೊತ್ತಿಗೆ ಎಂಬುದಷ್ಟೇ ದಾಖಲಾಗುತ್ತದೆ, ಯಾರಿಂದ ಎಂಬುದು ಆಗುವುದಿಲ್ಲವಂತೆ. ಈ ಒಂದು ಗುಣವನ್ನು ನಮ್ಮ ಮ್ಯಾನೇಜರಿಗೆ ಅಳವಡಿಸಲು ಯಾವ ಗುಂಡಿ ಒತ್ತಬೇಕೆಂದು ಕೈಪಿಡಿಯಲ್ಲಿ ಹುಡುಕುತ್ತಿದ್ದೇನೆ.