ಗೋಡೆಯ ಮೇಲಿನ ಹಳದಿ ದೋಣಿ

ಎಡ್ವಿನ್ ಟ್ರೆಂಬತ್ ಅವತ್ತು ಬೆಳಿಗ್ಗೆ ಒಂದು ಕಪ್ ಚಹಾಕ್ಕೆ ಅಂತ ಎದ್ದು ಹೋಗದೇ ಇದ್ದಿದ್ದರೆ ಇಷ್ಟೆಲ್ಲ ರಾಮಾಯಣ ಆಗುತ್ತಲೇ ಇರಲಿಲ್ಲ. ಆದರೆ ಲಂಡನ್ನಿನ ಪಕ್ಕದಲ್ಲಿ ಹುಟ್ಟಿ ಬೆಳೆದ ಮನುಷ್ಯ, ಸ್ಟುಡಿಯೋದ ಚಹಾ ಗಾಡಿ ಗಡಗಡ ಅಂತ ಬಂದು ಅಂಗಳದಲ್ಲಿ ನಿಂತರೆ ಕೂತಲ್ಲೇ ಕೂತಿರುವುದು ಹೇಗೆ? ಮನೆಯಿಂದ ಹಳೇ ಕಂಬಳಿಯಲ್ಲಿ ಸುತ್ತಿ, ಬಸ್ಸಿನುದ್ದಕ್ಕೂ ಮಗುವಿನ ಹಾಗೆ ತೊಡೆಯ ಮೇಲಿಟ್ಟುಕೊಂಡು ತಂದಿದ್ದ ಚಿತ್ರವನ್ನು ತನ್ನ ಕೋಣೆಯ ಗೋಡೆಗೆ ಒರಗಿಸಿ ಹೋದ. ಹರಟೆಯಲ್ಲಿ ಒಂದಷ್ಟು ಹೊತ್ತು ಕಳೆದು ವಾಪಸ್ಸು ಬಂದು ನೋಡಿದರೆ ಕಂಬಳಿ ಇದೆ, ಚಿತ್ರ ಇಲ್ಲ.

ಟ್ರೆಂಬತ್ ಆ ಸ್ಟುಡಿಯೋದ ಕಲಾ ನಿರ್ದೇಶಕ. ಸಿನಿಮಾಗಳಿಗೆ ಅವನು ಕಟ್ಟಿಕೊಟ್ಟ ಅರಮನೆಗಳಿಗೆ ಲೆಕ್ಕವಿಲ್ಲ. ಪ್ಲೈವುಡ್ಡಿನ ರೋಮ್ ಕಟ್ಟಿದ್ದ, ಗಾರೆಯ ಈಜಿಪ್ಟ್ ಕಟ್ಟಿದ್ದ, ಯುದ್ಧಕಾಲದಲ್ಲಿ ಮರಕ್ಕೂ ಬರ ಬಂದಾಗ ಗೋಣಿತಾಟಿನಲ್ಲೇ ಇಡೀ ವೆನಿಸ್ಸನ್ನು ಎಬ್ಬಿಸಿ ನಿಲ್ಲಿಸಿದ್ದ. ಶೂಟಿಂಗ್ ಮುಗಿಯಿತೋ, ಮಾರನೇ ದಿನ ಬಡಗಿಗಳು ಸುತ್ತಿಗೆ ಹಿಡಿದು ಬಂದು ಎಲ್ಲವನ್ನೂ ಒಡೆದು ಗುಡ್ಡೆ ಹಾಕುತ್ತಿದ್ದರು. ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗಿತ್ತು ಪಾಪ ಅವನ ಕೆಲಸ. ಅದಕ್ಕೇ ಭಾನುವಾರಗಳಲ್ಲಿ ನದಿ ಸಮುದ್ರ ಸೇರುವ ಕಡೆ ಹೋಗಿ, ಗಾಳಿಗೆ ಟೋಪಿ ಹಾರದಂತೆ ಕಟ್ಟಿಕೊಂಡು, ಯಾರೂ ಒಡೆಯಲಾರದಂಥ ಚಿತ್ರಗಳನ್ನು ಬರೆಯುತ್ತ ಕೂರುತ್ತಿದ್ದ. ಅವತ್ತು ತಂದ ಚಿತ್ರದಲ್ಲಿ ಬೂದಿ ಬಣ್ಣದ ನೀರು, ಕೆಸರು ದಡ, ನಡುವೆ ಒಂದೇ ಒಂದು ಹಳದಿ ದೋಣಿ. ಅವನು ಹೀಗೆ ಚಿತ್ರ ಬರೆಯುವುದು ಸ್ಟುಡಿಯೋದಲ್ಲಿ ಯಾರಿಗೂ ಗೊತ್ತಿರಲಿಲ್ಲ. ಹೇಳಿದರೆ ಕಾಲೆಳೆಯುತ್ತಾರೆ ಅನ್ನುವುದು ಅವನಿಗೆ ಗೊತ್ತಿತ್ತು.

ಅವತ್ತು ಲಂಡನ್ನಿನ ಗ್ಯಾಲರಿ ಮಾಲೀಕ ಆರ್ಮಿಟೇಜ್ ಸಾಹೇಬರು ಆ ಚಿತ್ರ ನೋಡಲು ಬರುವವರಿದ್ದರು. ಅವರಿಗೆ ಹಿಡಿಸಿದರೆ ಟ್ರೆಂಬತ್‌ನ ಚಿತ್ರಗಳದ್ದೇ ಒಂದು ಪ್ರದರ್ಶನ. ಆಮೇಲೆ ಈ ಪ್ಲೈವುಡ್ಡಿನ ಜನ್ಮಕ್ಕೆ ದೊಡ್ಡ ನಮಸ್ಕಾರ. ಹೆಂಡತಿ ಮೇವಿಸ್ ಬಾಗಿಲಲ್ಲಿ ನಿಂತು ಅವನ ಟೈ ಸರಿ ಮಾಡಿ, "ಇವತ್ತಾದರೂ ಯಾರ ಹತ್ರಾನೂ ಜಗಳ ಆಡ್ಬೇಡಿ" ಅಂತ ಹೇಳಿ ಕಳಿಸಿದ್ದಳು. ಆರ್ಮಿಟೇಜರ ಮುಖವನ್ನು ಅವನು ಕಂಡವನಲ್ಲ. ಬಿಳಿ ಗಡ್ಡ, ಕಪ್ಪು ಉದ್ದ ಕೋಟು ಅಂತ ಕೇಳಿದ್ದ. ಅಂಥವರು ಬಂದರೆ ಒಳಗೆ ಬಿಡು ಅಂತ ಗೇಟಿನವನಿಗೂ ಹೇಳಿಟ್ಟಿದ್ದ.

ಚಿತ್ರ ಎಲ್ಲಿ ಹೋಯಿತು ಅಂತ ಹುಡುಕುತ್ತ ಸೆಟ್ಟಿಗೆ ಓಡಿದ. ಡ್ಯೂಕನ ಮನೆಯ ಔತಣದ ದೃಶ್ಯಕ್ಕೆ ಅವನೇ ಕಟ್ಟಿದ ದಿವಾನಖಾನೆ. ಅಗ್ಗಿಷ್ಟಿಕೆಯ ಮೇಲೆ ಅವನದೇ ನದಿ, ಅವನದೇ ದೋಣಿ. ಕೆಳಗೆ ಸಾಮಾನು ನೋಡಿಕೊಳ್ಳುವ ಡಕೆಟ್ ಕೈ ಒರೆಸಿಕೊಳ್ಳುತ್ತ ನಿಂತಿದ್ದ.

"ಬಾಡಿಗೆಗೆ ತರಿಸಿದ್ದ ಪಟ ಬರ್ತಾ ಹರಿದೋಯ್ತು ಸಾಹೇಬ್ರೆ. ನಿಮ್ಮ ಕೋಣೇಲಿ ಇದು ಬಿದ್ದಿತ್ತಲ್ಲ, ಹೇಗೂ ಗೋಡೆ ಮುಚ್ಚೋಕೆ ಸಾಕು ಅಂತ ತಗುಲಿಸಿದೆ."

"ಇಳಿಸಯ್ಯ, ಈಗಲೇ ಇಳಿಸು."

"ಯಾರದು ಇಳಿಸೋದು?" ಅಂತ ಹಿಂದಿನಿಂದ ದನಿ ಬಂತು. ಮಿಸ್ ಟಾಪ್ಲಿ. ಒಂದು ಶಾಟಿನಲ್ಲಿ ಕಂಡ ವಸ್ತು ಮುಂದಿನ ಶಾಟಿನಲ್ಲೂ ಅಲ್ಲೇ ಇದೆಯೇ ಅಂತ ನೋಡಿಕೊಳ್ಳುವುದು ಆಕೆಯ ಕೆಲಸ. ನಾಯಕನ ಕೋಟಿನ ಗುಂಡಿ ಬಿಚ್ಚಿಕೊಂಡರೂ ಆಕೆಗೆ ಅವತ್ತು ಊಟ ಸೇರುತ್ತಿರಲಿಲ್ಲ. "ಮೊದಲನೇ ಶಾಟ್ ಆಗಿಹೋಯ್ತು. ಔತಣ ಮುಗಿಯೋವರೆಗೂ ಆ ದೋಣಿ ಅಲ್ಲಿಂದ ಅಲ್ಲಾಡೋ ಹಾಗಿಲ್ಲ ಮಿಸ್ಟರ್ ಟ್ರೆಂಬತ್."

ನನ್ನದೇ ಚಿತ್ರ ಅಂತ ಹೇಳೋಣವೆಂದರೆ ನಿರ್ದೇಶಕ ಹಾಲ್ಡೇನ್ ಅಲ್ಲೇ ಕುರ್ಚಿ ಹಾಕಿಕೊಂಡು ಕೂತಿದ್ದ. ಕೆಲಸ ಬಿಡಲು ಹೊರಟವನು ಕೆಲಸ ಕೊಟ್ಟವನ ಎದುರಿಗೇ ಗಂಟುಮೂಟೆ ಕಟ್ಟುತ್ತಾನೆಯೇ? ಟ್ರೆಂಬತ್ ಬಾಯಿಗೆ ಬೀಗ ಹಾಕಿಕೊಂಡ. ಔತಣ ಬೇಗ ಮುಗಿದರೆ ಸಾಕು ಅಂತ ಕಂಡ ದೇವರಿಗೆಲ್ಲ ಹರಕೆ ಹೊತ್ತ.

ಮುಗಿಯುವ ಲಕ್ಷಣ ಎಲ್ಲಿತ್ತು? ಚಿತ್ರದ ಆಕಾಶ ದೀಪಕ್ಕೆ ಹೊಳೆಯುತ್ತಿದೆ ಅಂತ ಕ್ಯಾಮೆರಾದವನು ತಕರಾರು ತೆಗೆದ. ಹೊಳಪು ಅಡಗಲಿ ಅಂತ ಡಕೆಟ್ ಏಣಿ ಹತ್ತಿ, ನೆಲ ತೊಳೆಯುವ ಸಾಬೂನನ್ನು ಇಡೀ ಚಿತ್ರಕ್ಕೆ ಬಟ್ಟೆ ಒಗೆಯುವವನ ಹಾಗೆ ಸವರಿದ. ಟ್ರೆಂಬತ್ ಕಣ್ಣು ಮುಚ್ಚಿಕೊಂಡ. ಅಷ್ಟು ಹೊತ್ತಿಗೆ ನಾಯಕಿಗೆ ಸಿಟ್ಟು ಬಂತು. ಆಕೆ ಅಳುವಾಗ ಎಲ್ಲರ ಕಣ್ಣೂ ಹಳದಿ ದೋಣಿಯ ಮೇಲೇ ಹೋಗುತ್ತದಂತೆ.

"ದೋಣಿ ಮುಳುಗಿಸಿಬಿಡು ಟ್ರೆಂಬತ್," ಅಂದ ಹಾಲ್ಡೇನ್. "ಮುಂದಿನ ಶಾಟಿನಿಂದ ಎಲ್ಲ ಹತ್ತಿರದ ಮುಖಗಳೇ, ಹಿಂದೆ ದೋಣಿ ಹೋದದ್ದು ಯಾರಿಗೂ ತಿಳಿಯಲ್ಲ. ಮಿಸ್ ಟಾಪ್ಲಿನ ನಾನು ಒಪ್ಪಿಸ್ತೀನಿ."

"ಇಲ್ಲ ಹಾಲ್ಡೇನ್, ಆ ದೋಣಿ..."

"ಯಾವನೋ ಭಾನುವಾರ ಹೊತ್ತು ಕಳೆಯೋಕೆ ಬಣ್ಣ ಬಳಿಯೋನ ದೋಣಿಗೆ ಯಾಕಯ್ಯ ಹೊಟ್ಟೆ ಉರ್ಕೋತೀಯ? ನಿನ್ನ ಗಂಟೇನು ಹೋಯ್ತು?"

ಗಂಟು ಹೋಗುತ್ತಿದ್ದದ್ದು ಅವನದೇ. ಏಣಿ ಹತ್ತಿದ. ನೀರುಬಣ್ಣವನ್ನೇ ಬೆರೆಸಿಕೊಂಡಿದ್ದ; ಕೆಳಗೆ ಹೇಗೂ ಸಾಬೂನಿದೆ, ಆಮೇಲೆ ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಎಣ್ಣೆಬಣ್ಣದ ದೋಣಿ ಮತ್ತೆ ಮೇಲೆ ಬರುತ್ತದೆ ಅಂತ ಮನಸ್ಸಿಗೆ ಸಮಾಧಾನ ಹೇಳಿಕೊಂಡ. ಒಂದು ತುದಿಯಿಂದ ದೋಣಿಯ ಮೇಲೆ ಬೂದಿ ಬಣ್ಣ ಬಳಿಯತೊಡಗಿದ.

ಕೆಳಗೆ ಔತಣದ ಅತಿಥಿಗಳಾಗಿ ಬಾಡಿಗೆಗೆ ಬಂದ ಮುದುಕರ ದಂಡೇ ನಿಂತಿತ್ತು. ಎಲ್ಲರಿಗೂ ಮೀಸೆ, ಗಡ್ಡ, ಕೈಯಲ್ಲಿ ಬರೀ ಬಣ್ಣದ ನೀರು ತುಂಬಿದ ಲೋಟ. ಅವರಲ್ಲಿ ಒಬ್ಬ ಏಣಿಯ ಬುಡಕ್ಕೇ ಬಂದು ಕತ್ತೆತ್ತಿದ.

"ದೋಣಿ ಅಳಿಸ್ಬೇಡಿ. ಚಿತ್ರದ ಉಸಿರೇ ಅದರಲ್ಲಿದೆ."

ಬೆಳಗಿನಿಂದ ಯಾರ ಮೇಲೂ ತೀರಿಸಿಕೊಳ್ಳಲಾಗದೆ ಇಟ್ಟುಕೊಂಡಿದ್ದ ಸಿಟ್ಟೆಲ್ಲ ಆ ಮುದುಕನ ತಲೆ ಮೇಲೆ ಬಿತ್ತು. "ಏನ್ರೀ, ಲೋಟ ಹಿಡ್ಕೊಂಡು ನಿಲ್ಲೋಕೆ ಕರೆಸಿರೋದು ನಿಮ್ಮನ್ನ. ಚಿತ್ರದ ಉಸಿರು ನೋಡೋಕಲ್ಲ. ಬಾಯಿ ಮುಚ್ಕೊಂಡು ಅತ್ಲಾಗೆ ನಿಂತ್ಕೊಳ್ಳಿ."

ಮುದುಕ ಸರಿದು ನಿಂತ. ಆದರೆ ಶಾಟ್ ಶುರುವಾದಾಗ ಉಳಿದವರೆಲ್ಲ ನಾಯಕಿಯ ಕಡೆ ನೋಡುತ್ತಿದ್ದರೆ ಇವನೊಬ್ಬ ಕ್ಯಾಮೆರಾಕ್ಕೆ ಬೆನ್ನು ಹಾಕಿ ಗೋಡೆಯನ್ನೇ ನೋಡುತ್ತಾನೆ. ಶಾಟ್ ಕೆಟ್ಟಿತು. ಮತ್ತೆ ತೆಗೆದರು, ಮತ್ತೆ ಕೆಟ್ಟಿತು. ಆರ್ಮಿಟೇಜ್ ಬಂದು ಕೋಣೆಯಲ್ಲಿ ಕಾದು ಕಾದು ಎದ್ದು ಹೋಗಿಬಿಟ್ಟರೆ ಗತಿಯೇನು ಅಂತ ಟ್ರೆಂಬತ್‌ಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಕೋಣೆಗೂ ಸೆಟ್ಟಿಗೂ ಓಡಾಡಿ ಕಾಲು ಬಿದ್ದುಹೋಗಿದ್ದವು. ಕೊನೆಗೆ ಹಾಲ್ಡೇನ್‌ನ ಕುರ್ಚಿಯ ಹತ್ತಿರ ಹೋಗಿ ಬಗ್ಗಿ ಹೇಳಿದ.

"ಆ ಮುದುಕನಿಂದಲೇ ಎಲ್ಲ ತಡ. ಮೊದಲು ಅವನನ್ನ ಆಚೆ ಕಳಿಸಿ."

"ಯಾವ ಮುದುಕ?" ಅಂತ ಹಾಲ್ಡೇನ್ ಎದ್ದ. ಹೋಗಿ ಎದುರು ನಿಂತು ನೋಡಿದ. ಒಂದು ಸುತ್ತು ಹಾಕಿ ಮತ್ತೆ ನೋಡಿದ. ಆಮೇಲೆ ಟ್ರೆಂಬತ್‌ನ ಹೆಗಲ ಮೇಲೆ ಕೈ ಹಾಕಿದ. "ನಿನಗೆ ಕಣ್ಣಿದೆ ಮಾರಾಯ. ಎಂಥ ಮುಖ ತೋರಿಸಿದೆ. ನಮ್ಮ ಡ್ಯೂಕ್ ಹಲ್ಲುನೋವು ಅಂತ ಬೆಳಗಿನಿಂದ ಮನೇಲೇ ಮಲಗಿದ್ದಾನೆ. ಅವನ ಹಲ್ಲು ಅವನಿಗೇ ಇರಲಿ. ಇವರೇ ಡ್ಯೂಕ್."

ಮುದುಕನ ಬಾಯಿಗೆ ಮಾತು ಕೊಟ್ಟರು. "ಈ ಮನೆಯಲ್ಲಿ ಯಾರೋ ಸುಳ್ಳು ಹೇಳುತ್ತಿದ್ದಾರೆ" ಅಂತ ಅವನು ಎಷ್ಟು ಗಂಭೀರವಾಗಿ ಹೇಳಿದನೆಂದರೆ ಮಿಸ್ ಟಾಪ್ಲಿ ಕೂಡ ಒಂದು ಕ್ಷಣ ತನ್ನ ಕೆಲಸ ಮರೆತಳು. ದೃಶ್ಯ ಮುಗಿಯಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ಟ್ರೆಂಬತ್ ಮಾತ್ರ ಚಿತ್ರ ಇಳಿಸಿಕೊಂಡು, ದಾರಿಯಲ್ಲೇ ತೋಳಿನಿಂದ ದೋಣಿಯ ಮೇಲಿನ ನೀರುಬಣ್ಣ ಒರೆಸುತ್ತ ಗೇಟಿಗೆ ಓಡಿದ.

"ಆರ್ಮಿಟೇಜ್ ಸಾಹೇಬ್ರು ಬಂದಿದ್ರಾ?"

"ಬೆಳಿಗ್ಗೇನೇ ಬಂದ್ರಲ್ಲ ಸಾರ್," ಅಂದ ಗೇಟಿನವನು. "ಬಿಳಿ ಗಡ್ಡ, ಕಪ್ಪು ಕೋಟು. ನಿಮ್ಮ ಕೋಣೆ ದಾರಿ ಹೇಳ್ತಾ ಇದ್ದೆ, ಅಷ್ಟರಲ್ಲಿ ಔತಣದವರನ್ನ ಒಟ್ಟು ಮಾಡ್ತಿದ್ದೋನು ಬಂದು, ತಡವಾಯ್ತು ನಡೀರಿ ಅಂತ ಕೈ ಹಿಡಿದು ಎಳ್ಕೊಂಡು ಹೋದ."

ಟ್ರೆಂಬತ್‌ಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಓಡಿ ಬಂದರೆ ನಟರಿಗೆ ಬಣ್ಣ ಹಚ್ಚುವ ಕೋಣೆಯಲ್ಲಿ ಮುದುಕರು ಕನ್ನಡಿಯ ಮುಂದೆ ಕೂತು ಮುಖ ಒರೆಸಿಕೊಳ್ಳುತ್ತಿದ್ದರು. ಡ್ಯೂಕ್ ಆದ ಮುದುಕನ ಹತ್ತಿರ ಹೋಗಿ ನಿಂತ.

"ನೀವು... ನೀವು ಆರ್ಮಿಟೇಜ್ ಸಾಹೇಬ್ರಾ?"

"ಬೆಳಗಿನಿಂದ ಹೇಳ್ತಾನೇ ಇದ್ದೀನಿ, ಇಲ್ಲಿ ಕೇಳೋರಿಲ್ಲ. ಸೆಟ್ಟಿಗೆ ತಂದು ನಿಲ್ಲಿಸಿದಾಗ ಗೋಡೆ ಮೇಲೆ, ಮೂಲೇಲಿ ನಿಮ್ಮ ಪುಟ್ಟ ಸಹಿ ಇರೋ ಚಿತ್ರ ಕಾಣ್ತು. ತೋರಿಸೋಕೆ ಎಷ್ಟು ಚೆಂದ ಏರ್ಪಾಡು ಮಾಡಿದ್ದಾರಪ್ಪ ಅಂದ್ಕೊಂಡೆ. ಆಮೇಲೆ ನೀವು ಏಣಿ ಹತ್ತಿದಿರಿ."

"ತಪ್ಪಾಯ್ತು ಸಾಹೇಬ್ರೆ. ಆಡಬಾರದ ಮಾತಾಡಿದೆ."

"ಅದಿರಲಿ. ಇಡೀ ದಿನ ಒಂದೇ ಚಿತ್ರ ನೋಡಿದ್ದು ನಾನು ಇದೇ ಮೊದಲು. ಒಳ್ಳೇ ಚಿತ್ರ ಟ್ರೆಂಬತ್. ದೋಣಿ ಇದ್ದಾಗ ತುಂಬ ಒಳ್ಳೇ ಚಿತ್ರ. ನನ್ನ ಗ್ಯಾಲರಿಯ ಬೀದಿ ಕಡೆ ಕಿಟಕಿಯಲ್ಲೇ ಇಡ್ತಿದ್ದೆ."

ಟ್ರೆಂಬತ್‌ನ ಕಣ್ಣು ತುಂಬಿ ಬಂತು. ಎಷ್ಟು ವರ್ಷದಿಂದ ಕೇಳಬೇಕೆಂದಿದ್ದ ಮಾತು. ಆ ಸಂತೋಷದಲ್ಲಿ ಕೊನೆಯ ಪದ ಅವನ ಕಿವಿಗೆ ತಡವಾಗಿ ತಾಗಿತು.

"ಇಡ್ತಿದ್ದೆ ಅಂದ್ರೆ?"

"ಗ್ಯಾಲರಿ ಮುಚ್ತಾ ಇದ್ದೀನಿ." ಆರ್ಮಿಟೇಜ್ ಕನ್ನಡಿಯಲ್ಲಿ ತಮ್ಮ ಗಡ್ಡವನ್ನು ಪ್ರೀತಿಯಿಂದ ನೇವರಿಸಿಕೊಂಡರು. "ಹುಟ್ಟಿದಾಗಿನಿಂದ ಬೇರೆಯವರು ಬರೆದದ್ದನ್ನ ಗೋಡೆಗೆ ಹಾಕಿದ್ದೇ ಆಯ್ತು. ನನ್ನ ಮುಖವನ್ನ ಒಬ್ಬರೂ ನೋಡಲಿಲ್ಲ. ಇವತ್ತು ನೋಡಿದರು. ಹಾಲ್ಡೇನ್ ಮುಂದಿನ ಸಿನಿಮಾಕ್ಕೂ ಮಾತಾಡಿದ್ದಾರೆ. ಎಲ್ಲ ನಿಮ್ಮ ದಯೆ. ಆ ಮುದುಕನ ಕಡೆ ನೋಡಿ ಅಂತ ಅವರಿಗೆ ಹೇಳಿದ್ದು ನೀವೇ ಅಂತೆ."

ಟ್ರೆಂಬತ್ ಚಿತ್ರವನ್ನು ಎದೆಗೊತ್ತಿಕೊಂಡ. ಅಷ್ಟರಲ್ಲಿ ಹಾಲ್ಡೇನ್ ಬಾಗಿಲಲ್ಲಿ ತಲೆ ಹಾಕಿದ.

"ಇಲ್ಲಿದ್ದೀಯಾ? ನಾಳೆಯ ದೃಶ್ಯಕ್ಕೆ ಅಗ್ಗಿಷ್ಟಿಕೆ ಮೇಲೆ ಡ್ಯೂಕನದೇ ದೊಡ್ಡ ಭಾವಚಿತ್ರ ಬೇಕು. ಹೊಸ ಹಲಗೆ ತಂದು ತಡ ಮಾಡ್ಬೇಡ, ಆ ಕೆಸರು ನದಿ ಮೇಲೇ ಬರೆದುಬಿಡು. ಅಳತೆ ಸರಿಯಾಗಿದೆ. ಈ ಸಲ ಎಣ್ಣೆಬಣ್ಣದಲ್ಲೇ ಬರಿ, ಗಟ್ಟಿಯಾಗಿ ನಿಲ್ಲಲಿ."

ಹಾಲ್ಡೇನ್ ಹೋದ. ಟ್ರೆಂಬತ್ ದಿಕ್ಕು ತೋಚದೆ ಆರ್ಮಿಟೇಜರ ಕಡೆ ತಿರುಗಿದ. ಈ ಚಿತ್ರವನ್ನು ಮೆಚ್ಚಿದವರು ಲೋಕದಲ್ಲಿ ಅವರೊಬ್ಬರೇ. ಅವರಾದರೂ ಬೇಡ ಅನ್ನುತ್ತಾರೆ ಅಂತ ಕಾದ.

ಆರ್ಮಿಟೇಜ್ ಚಿತ್ರವನ್ನು ನೋಡಿದರು. ಕನ್ನಡಿ ನೋಡಿದರು. ಮತ್ತೆ ಚಿತ್ರ ನೋಡಿ ಒಂದು ನಿಟ್ಟುಸಿರು ಬಿಟ್ಟರು. ಆಮೇಲೆ ಕುರ್ಚಿಯನ್ನು ದೀಪದ ಹತ್ತಿರ ಎಳೆದುಕೊಂಡು, ಗಲ್ಲ ಎತ್ತಿ, ಬಲಗಡೆಗೆ ತಿರುಗಿ ಕೂತರು.

"ಮೂಗು ಸ್ವಲ್ಪ ಚಿಕ್ಕದು ಮಾಡಿ," ಅಂದರು.